‘ಪರ್ಮಿಟೆಡ್’ ಅನ್ನೋ ಒಂದು ಪದ, ಒಂದು ಕ್ವಾಷಿಂಗ್ ಪಿಟಿಷನ್: ನನ್ನ ಅನುಭವ

ನಾನು ಧಾರವಾಡ ಹೈಕೋರ್ಟ್ ಪೀಠದಲ್ಲಿ ಪ್ರಾಕ್ಟೀಸ್ ಮಾಡೋನು. ಈ ಕೇಸು 2019ರದ್ದು, ಹಿತ್ತಲ ಗೋಡೆ ಜಗಳ, ಪಕ್ಕದ ಮನೆಯವರು ಕಂಪ್ಲೇಂಟ್ ಕೊಟ್ಟು ಅಪ್ಪ ಮಗ ಇಬ್ಬರ ಮೇಲೂ ಆಗಿನ ಐಪಿಸಿ (ಭಾರತೀಯ ದಂಡ ಸಂಹಿತೆ) 323, 504, 506, ಅಂದ್ರೆ ಹೊಡೆದಿದ್ದು, ಕೆಣಕೋ ಹಾಗೆ ಬೈದಿದ್ದು, ಬೆದರಿಕೆ ಹಾಕಿದ್ದು, ಹಾಕಿಸಿದ್ರು, ಚಾರ್ಜ್‌ಶೀಟೂ ಆಗಿಬಿಟ್ಟಿತ್ತು. ಮಗನಿಗೆ ನೌಕರಿ ಸಿಕ್ಕು ಪೊಲೀಸ್ ವೆರಿಫಿಕೇಶನ್‌ಗೆ ಬಂದಾಗಲೇ ಮನೆಯವರಿಗೆ ಬಿಸಿ ತಟ್ಟಿದ್ದು.

ಮೊದಲ ದಿನ ಅಪ್ಪ ಮೊಬೈಲ್ ತೆಗೆದು ಗೋಡೆ ಫೋಟೋ ಒಂದೊಂದೇ ತೋರಿಸ್ತಾ ಹೋದ್ರು. "ನಾವೇನೂ ಮಾಡಿಲ್ರೀ ಸರ್ರ, ಮೊದ್ಲ ಕಟ್ಟಿಗಿ ತಗೊಂಡ್ ಬಂದವ್ರ ಅವ್ರು". ಪೂರ್ತಿ ಕೇಳಿಸಿಕೊಂಡೆ, ಆಮೇಲೆ ಹೇಳಿದೆ, ಯಜಮಾನ್ರೇ ಇದೆಲ್ಲ ವಿಚಾರಣೆಯಲ್ಲಿ ಹೇಳೋ ಮಾತು, ಕೇಸನ್ನ ಕ್ವಾಷ್, ಅಂದ್ರೆ ರದ್ದು, ಮಾಡಿಸೋಕೆ ಹೋದಾಗ ಹೈಕೋರ್ಟ್ ಯಾರು ಮೊದಲು ಹೊಡೆದ್ರು ಅಂತ ನೋಡಲ್ಲ, ಕಂಪ್ಲೇಂಟಲ್ಲಿ ಬರೆದಿದ್ದೆಲ್ಲ ನಿಜ ಅಂತಲೇ ಇಟ್ಟುಕೊಂಡು ಆಗಲೂ ಕೇಸು ಕಾನೂನು ಪ್ರಕಾರ ನಿಲ್ಲುತ್ತಾ ಅಂತ ನೋಡುತ್ತೆ. ಅವರ ಮುಖ ಸಪ್ಪಗಾಯ್ತು. ನಿರಪರಾಧಿ ಅಂತ ಕೂಗಿ ಹೇಳಬೇಕು ಅಂತ ಬಂದವರಿಗೆ ಈ ಮಾತು ನುಂಗೋದು ಕಷ್ಟ, ಅದು ನನಗೂ ಗೊತ್ತು.

ಕೆಳಗಿನ ಕೋರ್ಟಿನಿಂದ ಸರ್ಟಿಫೈಡ್ ಕಾಪಿ ತರಿಸಿದೆ, ಕಂಪ್ಲೇಂಟು, ಎಫ್‌ಐಆರು, ಚಾರ್ಜ್‌ಶೀಟು, ಕೋರ್ಟು ದಿನದಿನದ ಆದೇಶ ಬರೆಯೋ ಆರ್ಡರ್ ಶೀಟು, ಮತ್ತೆ ತನಿಖೆಗೆ ಅನುಮತಿ ಕೇಳಿ ಪೊಲೀಸರು ಮ್ಯಾಜಿಸ್ಟ್ರೇಟ್‌ಗೆ ಕೊಟ್ಟ ರಿಕ್ವಿಸಿಷನ್. ಈ ಕೊನೇ ಕಾಗದವನ್ನ ಎಷ್ಟೋ ಜನ ತರಿಸೋದೇ ಇಲ್ಲ. 323, 504, 506 ಮೂರೂ ನಾನ್‌ಕಾಗ್ನಿಜಬಲ್, ಅಂದ್ರೆ ಪೊಲೀಸರು ತಾವಾಗೇ ಕೈಹಾಕೋ ಹಾಗಿಲ್ಲದ ಅಪರಾಧ, ಆಗಿನ ಸಿಆರ್‌ಪಿಸಿ (ದಂಡ ಪ್ರಕ್ರಿಯಾ ಸಂಹಿತೆ) 155(2) ಪ್ರಕಾರ ಮ್ಯಾಜಿಸ್ಟ್ರೇಟ್ ಆದೇಶ ಇಲ್ಲದೆ ಪೊಲೀಸರು ತನಿಖೆ ಮಾಡೋ ಹಾಗೇ ಇಲ್ಲ. ರಿಕ್ವಿಸಿಷನ್ ಅಂಚಲ್ಲಿ ‘ಪರ್ಮಿಟೆಡ್’ (ಅನುಮತಿ ಕೊಟ್ಟಿದೆ) ಅಂತ ಒಂದೇ ಪದ, ಕೆಳಗೆ ಸಹಿ, ಅಷ್ಟೇ. ಯಾಕೆ ಅನುಮತಿ ಕೊಟ್ಟಿದ್ದು ಅಂತ ಒಂದು ಸಾಲಿಲ್ಲ, ಆರ್ಡರ್ ಶೀಟ್ ಶುರುವಾಗೋದೇ ಚಾರ್ಜ್‌ಶೀಟ್ ಬಂದ ದಿನದಿಂದ. ಅದನ್ನ ನೋಡಿದಾಗಲೇ ಪಿಟಿಷನ್ ಮನಸ್ಸಲ್ಲಿ ರೆಡಿ ಆಯ್ತು.

ಇಲ್ಲೊಂದು ಎಚ್ಚರಿಕೆ. ಜೊತೆಗೆ 341 (ಅಡ್ಡಗಟ್ಟಿ ತಡೆಯೋದು) ಥರ ಒಂದೇ ಒಂದು ಕಾಗ್ನಿಜಬಲ್ ಸೆಕ್ಷನ್, ಅಂದ್ರೆ ಪೊಲೀಸರು ತಾವೇ ತನಿಖೆ ಮಾಡಬಹುದಾದ್ದು, ಇದ್ರೂ 155(4) ಪ್ರಕಾರ ಇಡೀ ಕೇಸು ಕಾಗ್ನಿಜಬಲ್ ಆಗಿಬಿಡುತ್ತೆ, ಈ ವಾದ ಸತ್ತ ಹಾಗೆ. ಅದಕ್ಕೇ ಎಫ್‌ಐಆರು, ಚಾರ್ಜ್‌ಶೀಟು ಎರಡರಲ್ಲೂ ಸೆಕ್ಷನ್‌ಗಳನ್ನ ಎರಡು ಸಲ ನೋಡಿದೆ.

ಜೂನಿಯರ್ ಕೇಳಿದ, ಕೆಳಗಿನ ಕೋರ್ಟಲ್ಲೇ ಡಿಸ್ಚಾರ್ಜ್ ಅರ್ಜಿ (ವಿಚಾರಣೆಗೆ ಮೊದಲೇ ಆರೋಪಿಯನ್ನ ಕೈಬಿಡಿ ಅಂತ ಕೇಳೋದು) ಹಾಕಬಹುದಲ್ವಾ ಸರ್ ಅಂತ. ಆಗಲ್ಲ, ಇವೆಲ್ಲ (506ರಲ್ಲಿ ಸಾದಾ ಬೆದರಿಕೆಯ ಮೊದಲ ಭಾಗ) 2 ವರ್ಷದವರೆಗಿನ ಶಿಕ್ಷೆಯ ಸಮನ್ಸ್ ಕೇಸು, ಅಲ್ಲಿ ಡಿಸ್ಚಾರ್ಜ್ ಅನ್ನೋ ಹಂತವೇ ಇಲ್ಲ, ತಪ್ಪು ಒಪ್ತೀರಾ ಇಲ್ವಾ ಅಂತ ಕೇಳಿ ನೇರ ಪ್ಲೀ ರೆಕಾರ್ಡ್ ಮಾಡ್ತಾರೆ. ಹಾಗಾಗಿ ಕೇಸು ರದ್ದು ಮಾಡೋಕೆ ಹೈಕೋರ್ಟಿಗೆ ಅಧಿಕಾರ ಇರೋ ಸಿಆರ್‌ಪಿಸಿ 482ರಲ್ಲಿ ಕ್ರಿಮಿನಲ್ ಪಿಟಿಷನ್ ಹಾಕಿದೆ, ಸರ್ಕಾರ ಒಂದನೇ ರೆಸ್ಪಾಂಡೆಂಟು (ಎದುರು ಪಕ್ಷ), ಕಂಪ್ಲೇಂಟ್ ಕೊಟ್ಟವರು ಎರಡನೇಯವರು, ಜೊತೆಗೆ ಕೆಳಗಿನ ಕೇಸಿಗೆ ಸ್ಟೇ (ತಡೆ) ಕೇಳಿ ಐಎ, ಅಂದ್ರೆ ಮಧ್ಯಂತರ ಅರ್ಜಿ. ಸ್ಟೇ ಸಿಗೋವರೆಗೂ ಕೆಳಗಿನ ಕೋರ್ಟಿನ ಒಂದು ಡೇಟೂ ತಪ್ಪಿಸಬೇಡಿ ಅಂತ ಅಪ್ಪ ಮಗನಿಗೆ ಖಡಕ್ಕಾಗಿ ಹೇಳಿದ್ದೆ, ಯಾಕಂದ್ರೆ ಹೈಕೋರ್ಟಲ್ಲಿ ಹಾಕಿದ್ದೀವಲ್ಲ ಅಂತ ಮನೇಲಿ ಕೂತು ವಾರಂಟ್ ಮಾಡಿಸಿಕೊಂಡವರನ್ನ ನಾನು ಬೇಕಾದಷ್ಟು ನೋಡಿದ್ದೀನಿ.

ವಾದದ ದಿನ ಗೋಡೆ ಬಗ್ಗೆ ಒಂದು ಮಾತೂ ಆಡಲಿಲ್ಲ. ಹರಿಯಾಣ ಸರ್ಕಾರ ವರ್ಸಸ್ ಭಜನ್ ಲಾಲ್ ತೀರ್ಪಲ್ಲಿ ಸುಪ್ರೀಂ ಕೋರ್ಟ್ ಹೇಳಿರೋ 7 ಸಂದರ್ಭಗಳಲ್ಲಿ ನಾಲ್ಕನೇದು ಇದೇ, ನಾನ್‌ಕಾಗ್ನಿಜಬಲ್ ಕೇಸಲ್ಲಿ ಮ್ಯಾಜಿಸ್ಟ್ರೇಟ್ ಆದೇಶ ಇಲ್ಲದ ತನಿಖೆ. ಒಂದು ಪದ ಬರೆದರೆ ಆದೇಶ ಆಗಲ್ಲ, ಮನಸ್ಸಿಟ್ಟು ನೋಡಿದ್ದು ಕಾಣಬೇಕು ಅಂತ ನಮ್ಮ ಹೈಕೋರ್ಟೇ ಹೇಳಿರೋ ತೀರ್ಪುಗಳನ್ನೂ ಇಟ್ಟೆ. ಸರ್ಕಾರಿ ಪ್ಲೀಡರು ಸಿಆರ್‌ಪಿಸಿಯಲ್ಲಿ ‘ಕಂಪ್ಲೇಂಟ್’ ಅಂದ್ರೆ ಏನು ಅಂತ ಹೇಳೋ 2(ಡಿ)ಯ ವಿವರಣೆ ಎತ್ತಿದ್ರು, ಚಾರ್ಜ್‌ಶೀಟನ್ನೇ ಮ್ಯಾಜಿಸ್ಟ್ರೇಟ್‌ಗೆ ನೇರ ಕೊಟ್ಟ ಕಂಪ್ಲೇಂಟ್ ಅಂತ ತಗೋಬಹುದಲ್ಲ, ಆಗ ಪೊಲೀಸ್ ತನಿಖೆಯ ತಪ್ಪು ಅಡ್ಡ ಬರಲ್ಲವಲ್ಲ ಅಂತ. ನಾನು ಕಾಯ್ತಾ ಇದ್ದಿದ್ದೂ ಅದಕ್ಕೇ. ಕೇಶವ್ ಲಾಲ್ ಠಾಕೂರ್ ಕೇಸಲ್ಲಿ 1996ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ, ಆ ವಿವರಣೆ ಕಾಗ್ನಿಜಬಲ್ ಅಂತ ತನಿಖೆ ಶುರುವಾಗಿ ಕೊನೆಗೆ ನಾನ್‌ಕಾಗ್ನಿಜಬಲ್ ಅಂತ ಗೊತ್ತಾದಾಗ ಬರುತ್ತೆ, ಮೊದಲಿಂದಲೇ ನಾನ್‌ಕಾಗ್ನಿಜಬಲ್ ಆಗಿದ್ರೆ ಬರಲ್ಲ. ಪಿಟಿಷನ್ ಅಲೋ ಆಯ್ತು, ಕೇಸು ರದ್ದಾಯ್ತು.

ಈಗ ಸಿಆರ್‌ಪಿಸಿ 482ರ ಜಾಗದಲ್ಲಿ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) 528, 155ರ ಜಾಗದಲ್ಲಿ 174 ಬಂದಿದೆ, 2024ರ ಜುಲೈ 1ರಿಂದ. ನಂಬರ್ ಬದಲಾದ್ರೂ ವಾದ ಅದೇ.

ಆರ್ಡರ್ ಕೈಗೆ ಬಂದಾಗ ಅಪ್ಪ ಕೇಳಿದ್ರು, "ಹಂಗಾದ್ರ ನಾವು ತಪ್ಪ ಮಾಡಿಲ್ಲಂತ ಕೋರ್ಟ್ ಹೇಳ್ದಂಗಾತಲ್ರೀ?" ಇಲ್ಲ, ಹಾಗೆ ಹೇಳಿಲ್ಲ, ಪಕ್ಕದ ಮನೆಯವರು ಬೇಕಂದ್ರೆ ಖಾಸಗಿ ದೂರು (ಪೊಲೀಸರನ್ನ ಬಿಟ್ಟು ನೇರ ಮ್ಯಾಜಿಸ್ಟ್ರೇಟ್‌ಗೆ ಕೊಡೋದು) ಹಾಕೋಕೆ ದಾರಿ ಇದೆ, ಅದಕ್ಕಿರೋ ಗಡುವು, ಅಂದ್ರೆ ಲಿಮಿಟೇಶನ್ ಅವಧಿ, ಮುಗಿದಿದ್ಯಾ ಇಲ್ವಾ ಅನ್ನೋದು ಆಗ ನೋಡೋ ಪ್ರಶ್ನೆ ಅಂತ ಬಿಡಿಸಿ ಹೇಳಿದೆ. ಸರ್ಟಿಫೈಡ್ ಕಾಪಿ ಮೂರು ಮಾಡಿಸಿ ಕೊಟ್ಟೆ. ಒಂದು ಕೆಳಗಿನ ಕೋರ್ಟಿಗೆ, ಒಂದು ಸ್ಟೇಷನ್‌ಗೆ, ಎರಡರಲ್ಲೂ ಸ್ವೀಕೃತಿ ಹಾಕಿಸಿಕೊಳ್ಳಿ ಅಂದೆ, ಇಲ್ಲಾಂದ್ರೆ ರೆಕಾರ್ಡಲ್ಲಿ ಕೇಸು ಪೆಂಡಿಂಗ್ ಅಂತಲೇ ಉಳಿದುಬಿಡುತ್ತೆ. ಮೂರನೇದು ಮಗನ ನೌಕರಿ ಫೈಲಿಗೆ.