ರೊಟ್ಟಿ ಹಂಚಿನಲ್ಲಿ ಸುಟ್ಟ ಮಟನ್, ಕೆಳಗೆ ಗರಿಗರಿ ಫ್ರೈಸ್

ಜೋಳದ ರೊಟ್ಟಿ ಬೇಯಿಸುವ ಕಬ್ಬಿಣದ ಹಂಚು ಮನೆಯಲ್ಲಿದೆಯಾ? ಹಾಗಿದ್ದರೆ ಸ್ಟೇಕ್, ಅಂದರೆ ಮಾಂಸದ ದಪ್ಪ ಅಗಲ ತುಂಡು, ಸುಡಲು ಬೇಕಾದ ಸಾಮಾನು ನಿಮ್ಮ ಹತ್ತಿರ ಆಗಲೇ ಇದೆ. ದಪ್ಪ ಹಂಚು ಕಾವು ಹಿಡಿದಿಟ್ಟುಕೊಳ್ಳುತ್ತದೆ. ತಣ್ಣನೆಯ ಮಾಂಸ ಬಿದ್ದರೂ ಬೇಗ ಆರುವುದಿಲ್ಲ. ಹುಬ್ಬಳ್ಳಿಯ ನಮ್ಮ ಮನೆಯಲ್ಲಿ ಲೋಡೆಡ್ ಫ್ರೈಸ್, ಅಂದರೆ ಕರಿದ ಬಟಾಟಿ ತುಂಡುಗಳ ಮೇಲೆ ಮಾಂಸ, ಚೀಸ್ ಹರಡಿದ ತಿಂಡಿ, ಮಾಡುವುದು ಇದೇ ಹಂಚಿನ ಭರವಸೆಯ ಮೇಲೆ.

ಅಮೆರಿಕದ ಸ್ಯಾನ್ ಡಿಯಾಗೋ ಕಡೆಯ ಮೆಕ್ಸಿಕನ್ ಹೋಟೆಲ್‌ಗಳಲ್ಲಿ ಇದಕ್ಕೆ ಕಾರ್ನೆ ಅಸಾಡಾ ಫ್ರೈಸ್ ಅನ್ನುತ್ತಾರೆ. ಕಾರ್ನೆ ಅಸಾಡಾ ಅಂದರೆ ಸುಟ್ಟ ಮಾಂಸ. ಅಲ್ಲಿ ದನದ ಮಾಂಸದ ಸ್ಟೇಕ್ ಸುಟ್ಟು, ಹೆಚ್ಚಿ, ಚೀಸ್ ಜೊತೆ ಫ್ರೈಸ್ ಮೇಲೆ ಹರಡುತ್ತಾರೆ. ನಾವು ಮಟನ್ ತರುತ್ತೇವೆ. ಸಾವಜಿ ಖಾನಾವಳಿಗಳ ಊರಲ್ಲಿ ಒಳ್ಳೆಯ ಮಟನ್‌ಗೆ ಬರವಿಲ್ಲ.

ನಾಲ್ಕು ಮಂದಿಗೆ 1 ಕಿಲೋ ಬಟಾಟಿ, ಅರ್ಧ ಕಿಲೋ ಎಲುಬಿಲ್ಲದ ಮಟನ್, ಕರಿಯಲು ಶೇಂಗಾ ಎಣ್ಣೆ, 100 ಗ್ರಾಂ ಚೀಸ್ ಸಾಕು. ಅಂಗಡಿಯವರಿಗೆ ಹಿಂದಿನ ತೊಡೆಯ ಮಾಂಸ ಬೇಕು, ಬೆರಳು ದಪ್ಪದ ಅಗಲ ತುಂಡು ಮಾಡಿ ಕೊಡಿ ಅನ್ನಿ. ಸಾರಿಗೆ ಮಾಡುವ ಹಾಗೆ ಸಣ್ಣಗೆ ಕಡಿಸಬೇಡಿ.

ಬಟಾಟಿ ಆರಿಸುವಾಗ ಹೆಬ್ಬೆರಳಿನಿಂದ ಸಿಪ್ಪೆ ಉಜ್ಜಿ ನೋಡಿ. ಸುಲಭವಾಗಿ ಸುಲಿದು ಬಂದರೆ ಅದು ಎಳೆಯದು, ನೀರು ಜಾಸ್ತಿ. ಪಲ್ಯಕ್ಕೆ ಚೆನ್ನ, ಫ್ರೈಸ್‌ಗೆ ಬೇಡ. ಸಿಪ್ಪೆ ಗಟ್ಟಿಯಾಗಿ ಅಂಟಿಕೊಂಡ, ಕೈಯಲ್ಲಿ ಭಾರ ಅನ್ನಿಸುವ ಬಟಾಟಿ ತನ್ನಿ. ತಂದದ್ದನ್ನು ಫ್ರಿಜ್‌ನಲ್ಲಿ ಇಡಬೇಡಿ. ತಂಪಿಗೆ ಬಟಾಟಿಯ ಹಿಟ್ಟು ಸಕ್ಕರೆಯಾಗುತ್ತದೆ. ಆಮೇಲೆ ಕರಿದರೆ ಒಳಗೆ ಬೇಯುವ ಮೊದಲೇ ಹೊರಗೆ ಕಪ್ಪಾಗುತ್ತದೆ, ರುಚಿಯೂ ಕಹಿ.

ಸಿಪ್ಪೆ ತೆಗೆದು ಕಿರುಬೆರಳು ದಪ್ಪಕ್ಕೆ ಹೆಚ್ಚಿ. ನೀರು ತಿಳಿಯಾಗುವವರೆಗೆ ತೊಳೆಯಿರಿ. ಮೂರ್ನಾಲ್ಕು ನೀರು ಬೇಕಾಗುತ್ತದೆ. ಹಾಲಿನ ಹಾಗೆ ಬಿಳಿಯಾಗಿ ಹೋಗುತ್ತದಲ್ವಾ, ಅದು ಹೊರಗಿನ ಹಿಟ್ಟು. ಅದು ಉಳಿದರೆ ತುಂಡುಗಳು ಒಂದಕ್ಕೊಂದು ಅಂಟುತ್ತವೆ. ಈಗ ಒಂದೂವರೆ ಲೀಟರ್ ನೀರಿಗೆ ಉಪ್ಪು, ಒಂದು ಚಮಚ ವಿನೆಗರ್ ಹಾಕಿ ಕುದಿಸಿ, ತುಂಡುಗಳನ್ನು 6ರಿಂದ 8 ನಿಮಿಷ ಬೇಯಿಸಿ. ವಿನೆಗರ್ ಇಲ್ಲದಿದ್ದರೆ ಲಿಂಬೆಹಣ್ಣಿನ ರಸ ಹಿಂಡಿ. ಹುಳಿ ಇದ್ದರೆ ಬಟಾಟಿ ಬೆಂದರೂ ಒಡೆಯುವುದಿಲ್ಲ.

ಇನ್ನು ಒಣಗಿಸುವುದು. ಅವಸರದಲ್ಲಿ ಎಲ್ಲರೂ ಬಿಡುವ ಕೆಲಸ ಇದೇ. ಹಳೆಯ ಹತ್ತಿ ಪಂಚೆಯ ಮೇಲೆ ಹರಡಿ, ಫ್ಯಾನ್ ಹಾಕಿ, ಕಾಲು ಗಂಟೆ ಬಿಡಿ. ತುಂಡುಗಳ ಮೈಯಿಂದ ಹಬೆ ಏಳುವುದು ಕಾಣುತ್ತದೆ. ಹಬೆ ನಿಂತು, ಮುಟ್ಟಿದರೆ ಮೈ ತುಸು ತರಿತರಿ ಅನ್ನಿಸಬೇಕು. ಆ ತರಿಯೇ ಮುಂದೆ ಗರಿಯಾಗುವುದು.

ಕರಿಯುವುದು ಎರಡು ಸಲ. ಮೊದಲ ಸಲ ಎಣ್ಣೆ ಹದವಾಗಿ, ಸುಮಾರು 150 ಡಿಗ್ರಿ ಕಾದಿರಲಿ. ಒಂದು ತುಂಡು ಬಿಟ್ಟರೆ ನಿಧಾನಕ್ಕೆ ಗುಳ್ಳೆ ಏಳಬೇಕು. ಸ್ವಲ್ಪ ಸ್ವಲ್ಪವೇ ಹಾಕಿ, 5 ನಿಮಿಷ ಕರಿದು, ಬಣ್ಣ ಬರುವ ಮೊದಲೇ ತೆಗೆಯಿರಿ. ಇಷ್ಟನ್ನು ಮಧ್ಯಾಹ್ನವೇ ಮುಗಿಸಿಡಬಹುದು. ಎರಡನೆಯ ಸಲ 180ರಿಂದ 190 ಡಿಗ್ರಿ, ಎರಡು ಮೂರು ನಿಮಿಷ. ಅದು ತಿನ್ನುವ ಹೊತ್ತಿಗೆ, ಎಲ್ಲಕ್ಕಿಂತ ಕೊನೆಗೆ.

ಮಟನ್‌ಗೆ ಬರೋಣ. ಒಂದು ಚಿಕ್ಕ ಚಮಚ ಉಪ್ಪು ಸವರಿ ಬೆಳಿಗ್ಗೆಯೇ ಫ್ರಿಜ್‌ನಲ್ಲಿಡಿ. ಉಪ್ಪು ಮೊದಲು ನೀರು ಬಿಡಿಸುತ್ತದೆ, ಆಮೇಲೆ ಆ ನೀರು ಉಪ್ಪಿನ ಸಮೇತ ಮಾಂಸದೊಳಗೆ ವಾಪಸ್ ಹೋಗುತ್ತದೆ. ಬಲಿತ ಮಟನ್ ಅನ್ನಿಸಿದರೆ ಸುಡುವ ಅರ್ಧ ಗಂಟೆ ಮುಂಚೆ ಒಂದು ಚಮಚ ಹಸಿ ಪಪ್ಪಾಯಿ ಕಾಯಿ ಅರೆದು ಹಚ್ಚಿ. ಅದಕ್ಕಿಂತ ಜಾಸ್ತಿ ಹೊತ್ತು ಬಿಟ್ಟರೆ ಮಾಂಸ ಹಿಟ್ಟಿನಂತಾಗುತ್ತದೆ. ಒಮ್ಮೆ ನಾನು ಮಾತಿನಲ್ಲಿ ಮೈಮರೆತು ಎರಡು ಗಂಟೆ ಬಿಟ್ಟು ಅರ್ಧ ಕಿಲೋ ಹಾಳು ಮಾಡಿದ್ದೇನೆ. ಪಪ್ಪಾಯಿ ಒರೆಸಿ ತೆಗೆದು, ಮಾಂಸವನ್ನು ಬಟ್ಟೆಯಿಂದ ಒತ್ತಿ ಒಣಗಿಸಿ.

ಹಂಚು ಚೆನ್ನಾಗಿ ಕಾಯಲಿ. ನಮ್ಮ ಅವ್ವ ರೊಟ್ಟಿಗೆ ನೋಡುವ ಹಾಗೆಯೇ ನೀರು ಚಿಮುಕಿಸಿ ನೋಡುತ್ತಾಳೆ. ಹನಿ ಅಲ್ಲೇ ಚುರ್ ಅಂತ ಆರಿದರೆ "ಇನ್ನೂ ಕಾದಿಲ್ಲ, ತಡಿ" ಅಂತಾಳೆ. ಹನಿ ಮುತ್ತಿನಂತೆ ದುಂಡಗಾಗಿ ಹಂಚಿನ ತುಂಬ ಓಡಾಡಬೇಕು. ಆಗ ಒಂದು ಚಮಚ ಎಣ್ಣೆ ಹಾಕಿ ಮಾಂಸ ಇಡಿ. ಎರಡು ಮೂರು ತುಂಡಿಗಿಂತ ಜಾಸ್ತಿ ಬೇಡ, ಹಂಚು ಆರಿದರೆ ಮಾಂಸ ನೀರು ಬಿಟ್ಟು ಬೇಯುತ್ತದೆ, ಸುಡುವುದಿಲ್ಲ. ಒಂದೊಂದು ಬದಿ ಮೂರು ನಿಮಿಷ.

ಮಸಾಲಿ ಖಾರವನ್ನು (ಮಸಾಲೆ ಬೆರೆಸಿದ ಖಾರದ ಪುಡಿ) ಮೊದಲೇ ಹಚ್ಚಬೇಡಿ. ಅದರಲ್ಲಿರುವ ಕೊಬ್ಬರಿ, ಬೆಳ್ಳುಳ್ಳಿ ಈ ಕಾವಿಗೆ ಸೀದು ಕಹಿಯಾಗುತ್ತವೆ. ಒಲೆ ಆರಿಸಿದ ಮೇಲೆ ಒಂದು ಚಮಚ ಬೆಣ್ಣೆಯಲ್ಲಿ ಒಂದು ಚಮಚ ಮಸಾಲಿ ಖಾರ ಕಲಸಿ, ಬಿಸಿ ಮಾಂಸದ ಮೇಲೆ ಸವರಿ. ಆ ವಾಸನೆಗೆ ಪಕ್ಕದ ಮನೆಯವರೂ ಇಣುಕಿ ನೋಡುತ್ತಾರೆ. ಆಮೇಲೆ ಐದಾರು ನಿಮಿಷ ಮುಟ್ಟಬೇಡಿ. ಅಷ್ಟರಲ್ಲಿ ಫ್ರೈಸ್ ಎರಡನೆಯ ಸಲ ಎಣ್ಣೆಗೆ ಹೋಗಲಿ.

ಮಾಂಸವನ್ನು ಅದರ ನಾರಿಗೆ ಅಡ್ಡವಾಗಿ ತೆಳ್ಳಗೆ ಕೊಯ್ಯಿರಿ. ನಾರಿನ ಉದ್ದಕ್ಕೆ ಕೊಯ್ದರೆ ಎಷ್ಟು ಎಳೆಯ ಮಟನ್ ಆದರೂ ಹಲ್ಲಿಗೆ ನಾರು ಸಿಗುತ್ತದೆ. ತಟ್ಟೆಯಲ್ಲಿ ಇಳಿದ ರಸವನ್ನು ಫ್ರೈಸ್ ಮೇಲೆ ಸುರಿಯದೆ ಚೀಸ್ ಸಾಸ್‌ಗೆ ಸೇರಿಸಿ.

ಸಾಸ್ ಸುಲಭ. ಒಂದು ಚಮಚ ಬೆಣ್ಣೆಯಲ್ಲಿ ಒಂದು ಚಮಚ ಮೈದಾ ಹುರಿದು, ಒಂದು ಲೋಟ ಹಾಲು ಹಾಕಿ ಗಂಟಾಗದ ಹಾಗೆ ತಿರುವಿ. ಗಟ್ಟಿಯಾದ ಮೇಲೆ ಒಲೆಯಿಂದ ಇಳಿಸಿ ಚೀಸ್ ತುರಿ ಸೇರಿಸಿ. ಖಾರದ ಸಾಸ್ ಬೇಕೆಂದರೆ ಆರು ಬ್ಯಾಡಗಿ ಮೆಣಸಿನಕಾಯಿ ಬಿಸಿ ನೀರಲ್ಲಿ ನೆನೆಸಿ, ಬೆಳ್ಳುಳ್ಳಿ, ಜೀರಿಗೆ, ಉಪ್ಪಿನ ಜೊತೆ ಅರೆದು, ನೀರು ಬಸಿದ ಗಟ್ಟಿ ಮೊಸರಿಗೆ ಕಲಸಿ. ಬ್ಯಾಡಗಿಯಲ್ಲಿ ಖಾರ ಕಡಿಮೆ, ಬಣ್ಣ ಜಾಸ್ತಿ. ಮಕ್ಕಳೂ ತಿನ್ನುತ್ತಾರೆ.

ಜೋಡಿಸುವ ಹೊತ್ತಿಗೆ ಎಲ್ಲರೂ ಕೂತಿರಬೇಕು. ಅಗಲ ತಟ್ಟೆಯಲ್ಲಿ ಅರ್ಧ ಫ್ರೈಸ್, ಸ್ವಲ್ಪ ಚೀಸ್ ಸಾಸ್, ಸ್ವಲ್ಪ ಮಟನ್. ಮೇಲೆ ಉಳಿದ ಫ್ರೈಸ್, ಉಳಿದ ಮಟನ್, ಕೆಂಪು ಸಾಸ್ ಎರಡು ಗೆರೆ. ಸಣ್ಣಗೆ ಹೆಚ್ಚಿದ ಉಳ್ಳಾಗಡ್ಡಿ, ಕೊತ್ತಂಬರಿ, ಬೀಜ ತೆಗೆದ ಟೊಮೆಟೊ ಉದುರಿಸಿ ಲಿಂಬೆಹಣ್ಣು ಹಿಂಡಿ. ಮಿಕ್ಕ ಸಾಸ್ ಬಟ್ಟಲಲ್ಲಿ ಪಕ್ಕಕ್ಕಿಡಿ, ಬೇಕಾದವರು ಅದ್ದಿಕೊಳ್ಳಲಿ. ಫೋಟೋ ಆಮೇಲೆ ತೆಗೆದರಾಯಿತು. ಹತ್ತು ನಿಮಿಷದ ಒಳಗೆ ತಟ್ಟೆ ಖಾಲಿಯಾಗಬೇಕು.