ಮನೆ ಸಾಲದಲ್ಲಿ ನಾನು ತಿಂಗಳು ಎಣಿಸಿದ್ದು

ನಾನು ಬೆಂಗಳೂರಿನ ಪೀಣ್ಯದ ಒಂದು ಕಾರ್ಖಾನೆಯಲ್ಲಿ ಅಕೌಂಟ್ಸ್ ನೋಡಿಕೊಳ್ಳುತ್ತೇನೆ. ದಿನವಿಡೀ ಬೇರೆಯವರ ದುಡ್ಡಿನ ಲೆಕ್ಕ. ಹಾಗಾಗಿ 2020ರ ಕೊನೆಯಲ್ಲಿ ಉಲ್ಲಾಳದ ಕಡೆ ಎರಡು ಬೆಡ್‌ರೂಮಿನ ಫ್ಲ್ಯಾಟ್ ತಗೊಳ್ಳುವಾಗ ಬ್ಯಾಂಕಿನ ಕಾಗದ ಕೈಗೆ ಬರುವ ಮೊದಲೇ ನನ್ನದೇ ಒಂದು ಎಕ್ಸೆಲ್ ಶೀಟ್ ಮಾಡಿಕೊಂಡಿದ್ದೆ. ಅದನ್ನು ಇವತ್ತಿಗೂ ತಿಂಗಳು ತಿಂಗಳು ತುಂಬುತ್ತೇನೆ. ಆಫೀಸಿನಲ್ಲಿ ಯಾರಾದರೂ ಮನೆ ಸಾಲಕ್ಕೆ ಕೈ ಹಾಕಿದರೆ "ಸಾರ್, ನಿಮ್ಮ ಶೀಟ್ ಸ್ವಲ್ಪ ಕಳಿಸ್ತೀರಾ" ಅಂತ ಬರುತ್ತಾರೆ. ಕಳಿಸುತ್ತೇನೆ. ಆದರೆ ಅದರಲ್ಲಿ ಯಾವ ಕಾಲಂ ನೋಡಬೇಕು ಅಂತ ಹೇಳದೆ ಸುಮ್ನೆ ಕಳಿಸಿದರೆ ಎಲ್ಲರೂ ಇಎಂಐ ಒಂದನ್ನೇ ನೋಡಿ ಮುಚ್ಚಿಡುತ್ತಾರೆ. ಅದಕ್ಕೇ ಇಷ್ಟು ಬರೆಯುತ್ತಿದ್ದೇನೆ.

ಫ್ಲ್ಯಾಟಿನ ಬೆಲೆ 54 ಲಕ್ಷ. ಕಟ್ಟಿ ಮುಗಿದು ಓಸಿ (ವಾಸಕ್ಕೆ ಒಪ್ಪಿಗೆಯ ಪತ್ರ) ಬಂದಿದ್ದ ಕಟ್ಟಡ, ಹಾಗಾಗಿ ಜಿಎಸ್‌ಟಿ ಇರಲಿಲ್ಲ. ಕಟ್ಟುತ್ತಿರುವಾಗಲೇ ತಗೊಂಡಿದ್ದರೆ ಶೇ 5 ಕೊಡಬೇಕಿತ್ತು. ಸಾಲ 40 ಲಕ್ಷ, ಕೈಯಿಂದ 14 ಲಕ್ಷ. ನೋಂದಣಿ ಖರ್ಚು ಬೇರೆ. ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ಸೆಸ್ಸು, ಸರ್‌ಚಾರ್ಜು ಸೇರಿ ಶೇ 5.6. ನೋಂದಣಿ ಶುಲ್ಕ ಆಗ ಶೇ 1. ಒಟ್ಟು 3,56,400 ರೂಪಾಯಿ. 2025ರ ಆಗಸ್ಟ್ ಕೊನೆಯಿಂದ ನೋಂದಣಿ ಶುಲ್ಕ ಶೇ 2 ಆಗಿದೆ. ಅಂದರೆ ಇದೇ ಬೆಲೆಗೆ ಈಗ 4 ಲಕ್ಷ ದಾಟುತ್ತದೆ. ಎಷ್ಟು ಸಾಲ ಕೊಡಬಹುದು ಅಂತ ಲೆಕ್ಕ ಹಾಕುವಾಗ ಬ್ಯಾಂಕ್ ಈ ದುಡ್ಡನ್ನು ಮನೆ ಬೆಲೆಗೆ ಸೇರಿಸುವುದಿಲ್ಲ. ಪೂರ್ತಿ ನಾವೇ ಹೊಂದಿಸಬೇಕು. ಪ್ರೊಸೆಸಿಂಗ್ ಫೀಸು, ವಕೀಲರ ಲೀಗಲ್ ಒಪಿನಿಯನ್ನು, ಎಂಒಡಿಟಿ (ಮನೆ ಪತ್ರಗಳನ್ನು ಬ್ಯಾಂಕಿಗೆ ಅಡವಿಟ್ಟದ್ದರ ನೋಂದಣಿ) ಇವೆಲ್ಲ ಚಿಲ್ಲರೆ ಖರ್ಚು. ಒಂದೊಂದನ್ನೂ ಬರೆದಿಡಿ ಅಷ್ಟೇ.

ಚಿಲ್ಲರೆ ಅಲ್ಲದ್ದು ಇನ್ಶೂರೆನ್ಸ್. ಸಾಲ ಮಂಜೂರಾದ ಹೊತ್ತಿಗೆ ಮೇಜಿನ ಆಚೆಯಿಂದ ಇನ್ನೊಂದು ಫಾರಂ ಬಂತು. ಒಂದೇ ಸಲ ಕಟ್ಟುವ ಸಾಲ ರಕ್ಷಣೆ ಪಾಲಿಸಿ, ಪ್ರೀಮಿಯಂ 1.2 ಲಕ್ಷ. "ಕೈಯಿಂದ ಏನೂ ಕೊಡೋದು ಬೇಡ ಸಾರ್, ಸಾಲಕ್ಕೇ ಸೇರಿಸಿಬಿಡ್ತೀವಿ. ಇಎಂಐ 930 ರೂಪಾಯಿ ಜಾಸ್ತಿ ಆಗುತ್ತೆ ಅಷ್ಟೇ" ಅಂದರು. 930 ರೂಪಾಯಿ 240 ತಿಂಗಳಿಗೆ 2.23 ಲಕ್ಷ ಆಗುತ್ತದೆ. ಪಾಲಿಸಿಯ ಬೆಲೆಗಿಂತ ಹೆಚ್ಚುಕಮ್ಮಿ ಒಂದು ಲಕ್ಷ ಜಾಸ್ತಿ. ಇದು ಕಡ್ಡಾಯವೂ ಅಲ್ಲ. ಬೇಡ ಅಂತ ಹೇಳಿ, ಹೊರಗೆ ಬೇರೆ ಟರ್ಮ್ ಪಾಲಿಸಿ ಮಾಡಿಸಿಕೊಂಡೆ. ಸಾಲ ಇದ್ದವನಿಗೆ ವಿಮೆ ಬೇಕೇ ಬೇಕು. ಅದನ್ನು ಬಡ್ಡಿಗೆ ತಗೊಳ್ಳುವುದು ಬೇಡ.

ಈಗ ಸಾಲಕ್ಕೆ ಬರೋಣ. ಬಡ್ಡಿ ಶೇ 7, ಅವಧಿ 20 ವರ್ಷ, ಇಎಂಐ 31,012. ಪೂರ್ತಿ ಕಟ್ಟಿದರೆ 74.43 ಲಕ್ಷ. ಬಡ್ಡಿಯೇ 34.43 ಲಕ್ಷ. ಈ ಅಂಕಿ ತೋರಿಸಿ "ನೋಡಿ, ಬ್ಯಾಂಕಿನವರು ಹೇಗೆ ಸುಲಿಯುತ್ತಾರೆ" ಅನ್ನುವ ಮೆಸೇಜುಗಳು ವಾಟ್ಸಾಪಿನಲ್ಲಿ ಓಡಾಡುತ್ತಿರುತ್ತವೆ. ನನಗೆ ಅದು ಅರ್ಧ ಸತ್ಯ. 2040ರಲ್ಲಿ ಕಟ್ಟುವ 31 ಸಾವಿರಕ್ಕೆ ಇವತ್ತಿನ 31 ಸಾವಿರದ ತೂಕ ಇರುವುದಿಲ್ಲ. ಸಂಬಳವೂ ನಿಂತಲ್ಲೇ ನಿಂತಿರುವುದಿಲ್ಲ. ಒಟ್ಟು ಮೊತ್ತ ನೋಡಿ ಹೆದರುವುದಕ್ಕಿಂತ ಮೊದಲ ತಿಂಗಳ ಸಾಲು ನೋಡಿ. 31,012ರಲ್ಲಿ ಬಡ್ಡಿಗೆ 23,333 ಹೋಯಿತು, ಅಸಲಿಗೆ 7,679. ವರ್ಷ ಕಳೆದಾಗ 3.72 ಲಕ್ಷ ಕಟ್ಟಿದ್ದೆ, ಸಾಲ ಇಳಿದಿದ್ದು 95 ಸಾವಿರ. ನಿಜವಾದ ಖರ್ಚು ಇಲ್ಲಿದೆ. ಅಸಲಿಗೆ ಹೋದದ್ದು ಖರ್ಚಲ್ಲ, ಅದು ಮನೆಯಲ್ಲಿ ನನ್ನ ಪಾಲು. ಬಡ್ಡಿಗೆ ಹೋದದ್ದು ವಾಪಸ್ ಬರುವುದಿಲ್ಲ, ಥೇಟ್ ಬಾಡಿಗೆಯಂತೆ.

ಈ ಬಾಡಿಗೆ ಮಾತು ಬಂದಾಗಲೆಲ್ಲ ನಮ್ಮ ಮಾವನವರು ಹೇಳುವುದು ಒಂದೇ. "ಬಾಡಿಗೆ ಕಟ್ಟೋ ದುಡ್ಡಲ್ಲಿ ಕಂತು ಕಟ್ಟಿದ್ರೆ ಮನೆ ನಿಮ್ಮದಾಗುತ್ತಲ್ಲಪ್ಪ." ನಾನು ಲೆಕ್ಕ ಮಾಡಿ ನೋಡಿದೆ. ಅದೇ ಕಟ್ಟಡದಲ್ಲಿ ಅಂಥದೇ ಫ್ಲ್ಯಾಟಿಗೆ ಆಗ ಬಾಡಿಗೆ 15 ಸಾವಿರ. ನನಗೆ ತಿಂಗಳಿಗೆ ಬಡ್ಡಿ 23 ಸಾವಿರ, ಮೇಂಟೆನೆನ್ಸ್ 3 ಸಾವಿರ, ಆಸ್ತಿ ತೆರಿಗೆ ತಿಂಗಳ ಲೆಕ್ಕದಲ್ಲಿ ಒಂದು 400. ಇಷ್ಟೇ ಅಲ್ಲ. ನೋಂದಣಿ ಖರ್ಚೂ ಸೇರಿ ಕೈಯಿಂದ ಹಾಕಿದ ಹದಿನೇಳೂವರೆ ಲಕ್ಷ ಎಫ್‌ಡಿಯಲ್ಲಿ ಇದ್ದಿದ್ದರೆ ಆಗಿನ ಶೇ 5.5ರಲ್ಲಿ ತಿಂಗಳಿಗೆ 8 ಸಾವಿರ ಬರುತ್ತಿತ್ತು. ಅದು ನಿಂತಿತು. ಎಲ್ಲ ಸೇರಿ 34 ಸಾವಿರ ಚಿಲ್ಲರೆ. ಇದರಲ್ಲಿ ಅಸಲು ಒಂದು ಪೈಸೆಯೂ ಇಲ್ಲ. ಅಂದರೆ ಮೊದಲ ವರ್ಷ ಸ್ವಂತ ಮನೆಯಲ್ಲಿರುವುದಕ್ಕೆ ಬಾಡಿಗೆಗಿಂತ ತಿಂಗಳಿಗೆ 19 ಸಾವಿರ ಜಾಸ್ತಿ ಕೊಟ್ಟಿದ್ದೇನೆ.

ಮಾವನವರ ಮಾತು ತಪ್ಪು ಅಂತಲ್ಲ. ಅವರು ಸೈಟು ತಗೊಂಡ ಕಾಲದ ಬೆಂಗಳೂರು ಬೇರೆ. ಈಗಲೂ ಬಾಡಿಗೆ ವರ್ಷಕ್ಕೆ ಶೇ 5 ಏರುತ್ತಾ ಹೋದರೆ ಹತ್ತು ವರ್ಷಕ್ಕೆ 24 ಸಾವಿರ ದಾಟುತ್ತದೆ, ನನ್ನ ಬಡ್ಡಿ ಇಳಿಯುತ್ತಾ ಬರುತ್ತದೆ. ಫ್ಲ್ಯಾಟಿನ ಬೆಲೆ ಏರಿದರೆ ಅದೂ ನನ್ನದೇ. ಆದರೆ ಮೇಂಟೆನೆನ್ಸೂ ಏರುತ್ತದೆ. 2024ರ ಬೇಸಿಗೆಯಲ್ಲಿ ಬೋರ್‌ವೆಲ್ ಬತ್ತಿ ಟ್ಯಾಂಕರ್ ತರಿಸಿದ ಖರ್ಚು ನಮ್ಮ ಅಸೋಸಿಯೇಷನ್ ಬಿಲ್ಲಿನಲ್ಲಿ ಇನ್ನೂ ನೆನಪಿದೆ. ಬಾಡಿಗೆದಾರನಾಗಿದ್ದರೆ ಲಿಫ್ಟ್ ರಿಪೇರಿಗೆ, ಕಟ್ಟಡದ ಪೇಂಟಿಗೆ ಯಾರೂ ನನ್ನನ್ನು ದುಡ್ಡು ಕೇಳುತ್ತಿರಲಿಲ್ಲ. ನಾವು ತಗೊಂಡಿದ್ದು ಮಗಳ ಸ್ಕೂಲು ಹತ್ತಿರ ಅಂತ, ಓನರ್ "ಮಗನ ಮದುವೆ ಇದೆ, ಮನೆ ಖಾಲಿ ಮಾಡಿ" ಅನ್ನುವುದು ಇನ್ನು ಸಾಕು ಅಂತ. ಆ ನೆಮ್ಮದಿಯ ಬೆಲೆ ತಿಂಗಳಿಗೆ 19 ಸಾವಿರ ಅಂತ ಗೊತ್ತಿದ್ದೇ ತಗೊಂಡೆವು.

ಅಸಲಿ ಕಥೆ ಶುರುವಾಗಿದ್ದು 2022ರಲ್ಲಿ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ (ಬಡ್ಡಿ ಏರಿಳಿಯುವ) ಮನೆ ಸಾಲಗಳನ್ನು ರೆಪೋದಂಥ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರದಂಥ, ಹೊರಗಿನ ದರಕ್ಕೆ ಜೋಡಿಸಲಾಗಿದೆ. ನನ್ನದು ರೆಪೋಗೆ ಜೋಡಿಸಿದ ಸಾಲ. ರೆಪೋ ಆಗ ಶೇ 4 ಇತ್ತು. 2022ರ ಮೇ ತಿಂಗಳಲ್ಲಿ ಏರಲು ಶುರುವಾಗಿ 2023ರ ಫೆಬ್ರವರಿಗೆ ಶೇ 6.5ಕ್ಕೆ ಬಂದು ನಿಂತಿತು. ನನ್ನ ಬಡ್ಡಿ ಶೇ 7 ಇದ್ದದ್ದು 9.5 ಆಯಿತು. ಆದರೆ ಖಾತೆಯಿಂದ ಪ್ರತಿ ತಿಂಗಳು 5ನೇ ತಾರೀಕು ಹೋಗುತ್ತಿದ್ದದ್ದು ಅದೇ 31,012. ನಮ್ಮ ಪಕ್ಕದ ಮನೆಯವರು ಖುಷಿಯಾಗಿದ್ದರು. "ಬಡ್ಡಿ ಏರಿದೆ ಅಂತಾರೆ, ನಮ್ಮ ಇಎಂಐ ಒಂದು ರೂಪಾಯಿ ಏರಿಲ್ಲ ನೋಡಿ."

ಏಪ್ರಿಲ್ 2023ರ ಸ್ಟೇಟ್‌ಮೆಂಟಿನ ಸಾಲು ಹೀಗಿತ್ತು: ಬಾಕಿ ಸುಮಾರು 38 ಲಕ್ಷ. ಕಂತು 31,012. ಬಡ್ಡಿ 30 ಸಾವಿರ ಚಿಲ್ಲರೆ. ಅಸಲಿಗೆ ಹೋದದ್ದು ಸಾವಿರ ರೂಪಾಯಿಯೂ ಇಲ್ಲ, 930ರ ಆಸುಪಾಸು. ತಿಂಗಳಿಗೆ 31 ಸಾವಿರ ಕಟ್ಟಿ 38 ಲಕ್ಷದಲ್ಲಿ ಒಂಬೈನೂರು ಚಿಲ್ಲರೆ ಇಳಿಸುತ್ತಿದ್ದೆ.

ಎಕ್ಸೆಲ್‌ನಲ್ಲಿ ಎನ್‌ಪಿಇಆರ್ ಅಂತ ಒಂದು ಸೂತ್ರ ಇದೆ. ಬಡ್ಡಿ, ಕಂತು, ಬಾಕಿ ಕೊಟ್ಟರೆ ಇನ್ನು ಎಷ್ಟು ತಿಂಗಳು ಕಟ್ಟಬೇಕು ಅಂತ ಹೇಳುತ್ತದೆ. ಎಲ್ಲರೂ ಇಎಂಐ ಕ್ಯಾಲ್ಕುಲೇಟರ್ ಬಳಸುತ್ತಾರೆ, ಈ ಸೂತ್ರವನ್ನು ಯಾರೂ ಮುಟ್ಟುವುದಿಲ್ಲ. ನನ್ನ ಅಂಕಿ ಹಾಕಿದೆ. ಬಂದದ್ದು 445 ತಿಂಗಳು. 37 ವರ್ಷ! ಸಾಲ ತೀರುವಾಗ ನನಗೆ 75 ದಾಟಿರುತ್ತದೆ. ಯಾವ ಬ್ಯಾಂಕೂ ಅಲ್ಲಿಯವರೆಗೆ ಬಿಡುವುದಿಲ್ಲ ಅನ್ನಿ. ತನ್ನ ಮಿತಿ ಇರುವಷ್ಟು ಅವಧಿ ಎಳೆದು, ಅಲ್ಲಿಗೂ ಮುಗಿಯದಿದ್ದರೆ ಆಮೇಲೆ ಕಂತು ಏರಿಸುತ್ತದೆ. ಆದರೆ ಎಳೆಯುವ ಹೊತ್ತಿನಲ್ಲಿ ಬಂದದ್ದು ಒಂದೇ ಒಂದು ಎಸ್‌ಎಂಎಸ್, ಅವಧಿ ಪರಿಷ್ಕರಿಸಲಾಗಿದೆ ಅಂತ. ಎಷ್ಟು ತಿಂಗಳು ಅನ್ನುವುದು ಅದರಲ್ಲಿ ಇರಲಿಲ್ಲ.

ಉಳಿದಿದ್ದ 210 ತಿಂಗಳಲ್ಲೇ ಮುಗಿಯಬೇಕಾದರೆ ಕಂತು ಎಷ್ಟಾಗಬೇಕು ಅಂತ ತೆಗೆದೆ. 37,182. ತಿಂಗಳಿಗೆ 6,170 ಜಾಸ್ತಿ. ಬಡ್ಡಿ 9.5ರಲ್ಲೇ ನಿಂತಿತು ಅಂದುಕೊಳ್ಳಿ. ಹಳೆಯ ಕಂತಿನಲ್ಲಿ 445 ತಿಂಗಳು ಕಟ್ಟಿದರೆ 1.38 ಕೋಟಿ. ಹೊಸ ಕಂತಿನಲ್ಲಿ 210 ತಿಂಗಳು ಕಟ್ಟಿದರೆ 78 ಲಕ್ಷ. 6 ಸಾವಿರದ ಮುಖ ನೋಡಿದರೆ 60 ಲಕ್ಷ ಹೋಗುತ್ತದೆ. ಹೆಂಡತಿಗೆ ಈ ಎರಡು ಸಾಲು ತೋರಿಸಿದೆ. "ಎರಡನೇ ಗಾಡಿ ಮುಂದಿನ ವರ್ಷ ನೋಡೋಣ ಬಿಡಿ" ಅಂದಳು. ಮಾತು ಅಲ್ಲಿಗೆ ಮುಗಿಯಿತು.

ಬ್ರಾಂಚಿಗೆ ಹೋಗಿ ಇಎಂಐ ಏರಿಸಿ, ಅವಧಿ ಹಾಗೇ ಇರಲಿ ಅಂತ ಬರೆದುಕೊಟ್ಟೆ. ಕೌಂಟರಿನ ಹುಡುಗ ಎರಡು ಸಲ ಕೇಳಿದ, "ಸಾರ್, ಏರಿಸಬೇಕಾ, ಇಳಿಸಬೇಕಾ?" ಹೀಗೆ ಕೇಳಿಕೊಂಡು ಬರುವವರು ಕಡಿಮೆ ಅಂತ ಕಾಣುತ್ತದೆ. ಅದೇ ವರ್ಷ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಇದಕ್ಕೆ ನಿಯಮವನ್ನೇ ತಂದಿತು. ಬಡ್ಡಿ ಬದಲಾದಾಗ ಕಂತು ಏರಿಸುವುದೋ, ಅವಧಿ ಎಳೆಯುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಅಂತ ಸಾಲಗಾರನಿಗೇ ಆಯ್ಕೆ ಕೊಡಬೇಕು. ಮೂರು ತಿಂಗಳಿಗೊಮ್ಮೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಇಲ್ಲಿಯವರೆಗೆ ಕಟ್ಟಿದ ಅಸಲು, ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಇರಬೇಕು. ಆ ಸ್ಟೇಟ್‌ಮೆಂಟ್ ಬಂದಾಗ ನಾನು ನೋಡುವುದು ಕೊನೆಯ ಸಂಖ್ಯೆ ಒಂದನ್ನೇ. ಮೂರು ತಿಂಗಳಲ್ಲಿ ಅದು ಮೂರು ಕಡಿಮೆ ಆಗಿರಬೇಕು. ಆಗಿಲ್ಲ ಅಂದರೆ ಬ್ರಾಂಚಿಗೆ ಹೋಗಬೇಕು.

ಬೋನಸ್ ಬಂದಾಗ ಅಸಲಿಗೆ ಕಟ್ಟುವುದು ಇನ್ನೊಂದು ದಾರಿ. ವೈಯಕ್ತಿಕ ಫ್ಲೋಟಿಂಗ್ ಮನೆ ಸಾಲಕ್ಕೆ ಮುಂಚಿತವಾಗಿ ಕಟ್ಟಿದರೆ ದಂಡ ಇಲ್ಲ, ಬ್ಯಾಂಕುಗಳಿಗೆ 2012ರಿಂದಲೇ ಈ ನಿಯಮ ಇದೆ. ಆ ಏಪ್ರಿಲ್‌ನ ಅಂಕಿಗಳಲ್ಲೇ 1 ಲಕ್ಷ ಅಸಲಿಗೆ ಹಾಕಿ ನೋಡಿದೆ. 210 ತಿಂಗಳು 197ಕ್ಕೆ ಇಳಿಯಿತು. ಹೀಗೆ ಉಳಿತಾಯವಾದ ಕಂತುಗಳ ಮೊತ್ತ ಹೆಚ್ಚುಕಮ್ಮಿ 5 ಲಕ್ಷ. ಒಂದು ಲಕ್ಷಕ್ಕೆ ಐದು ಲಕ್ಷ ಅಂದರೆ ಮ್ಯಾಜಿಕ್ ಅಂತ ಅನ್ನಿಸುತ್ತದೆ ಅಲ್ವಾ? ಏನೂ ಇಲ್ಲ. 1 ಲಕ್ಷವನ್ನು ಶೇ 9.5ರ ಚಕ್ರಬಡ್ಡಿಗೆ ಹದಿನೇಳು ವರ್ಷ ಇಟ್ಟರೂ ಅಷ್ಟೇ ಬೆಳೆಯುತ್ತದೆ. ವ್ಯತ್ಯಾಸ ಇಷ್ಟೇ: ಅಂಥ ಬಡ್ಡಿಯನ್ನು ಖಾತ್ರಿಯಾಗಿ ಕೊಡುವ ಎಫ್‌ಡಿ ನನಗೆ ಎಲ್ಲೂ ಸಿಗಲಿಲ್ಲ, ಸಿಕ್ಕಿದ್ದರೂ ಅದಕ್ಕೆ ತೆರಿಗೆ ಬೀಳುತ್ತಿತ್ತು. ಹಾಗಂತ ಕೈ ಪೂರ್ತಿ ಬರಿದು ಮಾಡಿಕೊಳ್ಳಲಿಲ್ಲ. ಆರು ತಿಂಗಳ ಕಂತು ಮತ್ತು ಮನೆ ಖರ್ಚು ಪಕ್ಕಕ್ಕಿಟ್ಟು, ಉಳಿದದ್ದನ್ನು ಮಾತ್ರ ಹಾಕುತ್ತೇನೆ. ಕಟ್ಟುವಾಗ ಫಾರಂನಲ್ಲಿ "ಅವಧಿ ಕಡಿಮೆ ಮಾಡಿ" ಅಂತ ಬರೆಯುವುದು ಮರೆಯಬೇಡಿ. ಬರೆಯದಿದ್ದರೆ ಕಂತು ಇಳಿಸಿಬಿಡಬಹುದು.

ಇಲ್ಲಿ ಒಬ್ಬರಾದರೂ ಹೇಳಿಯೇ ಹೇಳುತ್ತಾರೆ, "ಸಾಲ ಬೇಗ ತೀರಿಸಬೇಡಿ, ಟ್ಯಾಕ್ಸ್ ಬೆನಿಫಿಟ್ ಹೋಗುತ್ತೆ" ಅಂತ. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ. ಶೇ 20ರ ಸ್ಲ್ಯಾಬಿನಲ್ಲಿದ್ದರೆ ಸೆಸ್ಸೂ ಸೇರಿ ಉಳಿಯುವುದು 41,600 ರೂಪಾಯಿ. 9.5ರ ಕಾಲದಲ್ಲಿ ನನ್ನ ವರ್ಷದ ಬಡ್ಡಿ ಮೂರೂವರೆ ಲಕ್ಷ ಇತ್ತು. 2 ಲಕ್ಷದ ಮೇಲಿನದಕ್ಕೆ ಏನೂ ಸಿಗುವುದಿಲ್ಲ. ಹೊಸ ಪದ್ಧತಿಯಲ್ಲಂತೂ ವಾಸದ ಮನೆಗೆ ಈ ವಿನಾಯಿತಿಯೇ ಇಲ್ಲ. 12 ಲಕ್ಷದವರೆಗೆ ತೆರಿಗೆ ಇಲ್ಲ ಅಂತ ಆದ ಮೇಲೆ ನಾನೂ ಹೊಸದಕ್ಕೆ ಬಂದೆ. ಈಗ ನನ್ನ ಶೀಟಿನಲ್ಲಿ ತೆರಿಗೆ ಕಾಲಂ ಖಾಲಿ.

2025ರಲ್ಲಿ ರೆಪೋ ಇಳಿಯಿತು. ಫೆಬ್ರವರಿಯಿಂದ ಶುರುವಾಗಿ ಡಿಸೆಂಬರ್ ಹೊತ್ತಿಗೆ ಶೇ 5.25. ನನ್ನ ಬಡ್ಡಿ 8.25ಕ್ಕೆ ಬಂತು. ಈಗ ಕಂತು ಇಳಿಸಿಕೊಳ್ಳಿ ಅಂತ ಹೇಳುವವರು ಜಾಸ್ತಿ. ನಾನು ಇಳಿಸಲಿಲ್ಲ. 37,182 ಕೊಟ್ಟು ಅಭ್ಯಾಸ ಆಗಿದೆ. ಮಧ್ಯೆ ಹಾಕಿದ ಬೋನಸ್ ದುಡ್ಡನ್ನು ಲೆಕ್ಕಕ್ಕೆ ಹಿಡಿಯದಿದ್ದರೂ, ಕಂತು ಹಾಗೇ ಬಿಟ್ಟದ್ದಕ್ಕೆ ಸುಮಾರು ಎರಡು ವರ್ಷ ಮೊದಲೇ ಮುಗಿಯುತ್ತದೆ. ಬೇರೆ ಬ್ಯಾಂಕಿಗೆ ಸಾಲ ವರ್ಗಾಯಿಸಿ ಅಂತಲೂ ಫೋನು ಬರುತ್ತಿರುತ್ತದೆ. ಬಡ್ಡಿ ಕಾಲು ಪರ್ಸೆಂಟ್ ಕಡಿಮೆ ಅಂತ ಓಡುವ ಮೊದಲು ಮತ್ತೆ ಎಂಒಡಿಟಿ, ಲೀಗಲ್, ಪ್ರೊಸೆಸಿಂಗ್ ಖರ್ಚು ಕೂಡಿಸಿ. ಅದಕ್ಕೂ ಮೊದಲು ಇರುವ ಬ್ಯಾಂಕಿನಲ್ಲೇ "ಹೊಸಬರಿಗೆ ಕೊಡುವ ದರ ನನಗೂ ಕೊಡ್ತೀರಾ" ಅಂತ ಕೇಳಿ.

ಸಾಲ ಮುಗಿಯುವ ಕಡೆಯ ಖರ್ಚನ್ನೂ ಶೀಟಿನ ಕೊನೆಯ ಸಾಲಿನಲ್ಲಿ ಬರೆದಿಟ್ಟಿದ್ದೇನೆ. ಕೊನೆಯ ಕಂತು ಕಟ್ಟಿದ ಮೂವತ್ತು ದಿನದೊಳಗೆ ಬ್ಯಾಂಕ್ ಮೂಲ ಪತ್ರಗಳನ್ನು ವಾಪಸ್ ಕೊಡಬೇಕು. ತನ್ನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. 2023ರ ಡಿಸೆಂಬರ್‌ನಿಂದ ಈ ನಿಯಮ ಇದೆ. ಪತ್ರ ಕೈಗೆ ಬಂತು ಅಂತ ಅಲ್ಲಿಗೇ ಬಿಡುವಂತಿಲ್ಲ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಎಂಒಡಿಟಿ ರದ್ದು ಮಾಡಿಸಿ, ಹೊಸ ಇಸಿ (ಆಸ್ತಿಯ ಮೇಲಿನ ಸಾಲ ತೋರಿಸುವ ಋಣಭಾರ ಪತ್ರ) ತೆಗೆಸಿ, ಅದರಲ್ಲಿ ಸಾಲ ತೀರಿದ್ದು ದಾಖಲಾಗಿದೆಯಾ ಅಂತ ನೋಡಬೇಕು. ನಮ್ಮ ಕಟ್ಟಡದಲ್ಲೇ ಒಬ್ಬರು ಸಾಲ ತೀರಿಸಿ ವರ್ಷಗಳಾಗಿದ್ದವು. ಮಾರಲು ಹೊರಟಾಗ ಇಸಿಯಲ್ಲಿ ಹಳೆಯ ಸಾಲ ಹಾಗೇ ಕೂತಿತ್ತು. ಅದನ್ನು ತೆಗೆಸುವಷ್ಟರಲ್ಲಿ ಕೊಳ್ಳಲು ಬಂದವರು ಬೇರೆ ಫ್ಲ್ಯಾಟಿಗೆ ಅಡ್ವಾನ್ಸ್ ಕೊಟ್ಟಾಗಿತ್ತು.