ನೂರಕ್ಕೆ ಅರವತ್ತು ದಿನ ಗೆದ್ದೆ, ಆದರೂ ದುಡ್ಡು ಹೋಯಿತು: ನನ್ನ ಪೋಕರ್ ಕಿರ್ದಿ

ನಮ್ಮಪ್ಪನಿಗೆ ಹಾವೇರಿಯಲ್ಲಿ ಒಂದು ಕಿರಾಣಿ ಅಂಗಡಿ ಇತ್ತು. ರಾತ್ರಿ ಕಿರ್ದಿ ಬರೆಯದೆ ಅವರು ಬಾಗಿಲು ಹಾಕಿದವರಲ್ಲ. ಕೆಂಪು ರಟ್ಟಿನ ಉದ್ದ ಪುಸ್ತಕ, ಎಡಕ್ಕೆ ಜಮಾ, ಬಲಕ್ಕೆ ಖರ್ಚು. "ಇವತ್ತಿನ ಗಲ್ಲಾ ನೋಡಿ ಅಂಗಡಿ ನಡೀತಿದೆ ಅನ್ನಬೇಡ" ಅನ್ನುತ್ತಿದ್ದರು. ನಾನು ಬೆಂಗಳೂರಿಗೆ ಬಂದು ಅಕೌಂಟ್ಸ್ ಕೆಲಸ ಹಿಡಿದೆ. ದಿನಾ ಬೇರೆಯವರ ಜಮಾ-ಖರ್ಚು ನೋಡಿಯೇ ನನಗೆ ಸಂಬಳ. ಆದರೆ ನನ್ನ ಪೋಕರ್ ಆಟಕ್ಕೆ ಮಾತ್ರ ಮೂರು ವರ್ಷ ಒಂದು ಚೀಟಿಯನ್ನೂ ಬರೆದಿರಲಿಲ್ಲ.

ಯಾರಾದರೂ ಕೇಳಿದರೆ "ಪರವಾಗಿಲ್ಲ, ಲಾಭದಲ್ಲೇ ಇದೀನಿ" ಅನ್ನುತ್ತಿದ್ದೆ. ಸುಳ್ಳು ಹೇಳುತ್ತಿರಲಿಲ್ಲ, ನಿಜಕ್ಕೂ ಹಾಗೇ ನಂಬಿದ್ದೆ. 2019ರ ಜನವರಿಯಲ್ಲಿ ನನ್ನ ಹೆಂಡತಿ ಬ್ಯಾಂಕ್ ಸ್ಟೇಟ್‌ಮೆಂಟ್ ಮುಂದಿಟ್ಟು "ಆ ಲಾಭ ಎಲ್ಲಿದೆ ರೀ?" ಅಂದಳು. ಅವತ್ತು ರಾತ್ರಿಯೇ ಎಕ್ಸೆಲ್ ತೆರೆದೆ.

ಕಾಲಂಗಳು ಜಾಸ್ತಿ ಇರಲಿಲ್ಲ. ತಾರೀಖು, ಕೂತ ಹೊತ್ತು, ಎದ್ದ ಹೊತ್ತು, ಒಯ್ದ ದುಡ್ಡು, ತಂದ ದುಡ್ಡು. ಕ್ಯಾಬು, ಊಟ, ಟಿಪ್ಸ್‌ಗೆ ಬೇರೆ ಕಾಲಂ. ಒಂದೇ ನಿಯಮ: ಮನೆಗೆ ಬಂದು ಚಪ್ಪಲಿ ಬಿಡುವ ಮೊದಲು ಫೋನಿನಲ್ಲಿ ಬರೆಯಬೇಕು. ಬೆಳಿಗ್ಗೆಗೆ ಬಿಟ್ಟರೆ 2,700 ಹೋದದ್ದು "ಸುಮಾರು ಎರಡು ಸಾವಿರ" ಆಗಿರುತ್ತದೆ. ಇದು ನನ್ನ ಮೇಲೆಯೇ ನಾನು ಕಂಡ ಸತ್ಯ.

ಹದಿನಾಲ್ಕು ತಿಂಗಳಲ್ಲಿ 118 ಸಲ ಕ್ಲಬ್ಬಿಗೆ ಹೋಗಿದ್ದೆ, 10-20ರ ಬ್ಲೈಂಡಿನ ಮೇಜು, ಅಂದರೆ ಎಲೆ ನೋಡುವ ಮೊದಲೇ ಒಬ್ಬ ಹತ್ತು (ಸ್ಮಾಲ್ ಬ್ಲೈಂಡ್), ಇನ್ನೊಬ್ಬ ಇಪ್ಪತ್ತು (ಬಿಗ್ ಬ್ಲೈಂಡ್) ರೂಪಾಯಿ ಹಾಕಲೇಬೇಕು. ಗೆದ್ದು ಎದ್ದದ್ದು 71 ಸಲ, ಸೋತದ್ದು 47 ಸಲ. ನೂರಕ್ಕೆ ಅರವತ್ತು ದಿನ ಗೆಲುವು! ಲಾಭದಲ್ಲಿದ್ದೀನಿ ಅಂತ ಅನ್ನಿಸಿದ್ದು ಸುಮ್ನೆ ಅಲ್ಲ. ಆಮೇಲೆ ಪಕ್ಕದ ಕಾಲಂ ಕೂಡಿಸಿದೆ. ಗೆದ್ದ ದಿನದ ಸರಾಸರಿ 1,450 ರೂಪಾಯಿ, ಸೋತ ದಿನದ ಸರಾಸರಿ 2,900. ಬಂದದ್ದು 1,02,950, ಹೋದದ್ದು 1,36,300. ಕೈಬಿಟ್ಟದ್ದು 33,350, ಕ್ಯಾಬು ಊಟ ಬಿಟ್ಟು.

ಯಾಕೆ ಹೀಗೆ ಅನ್ನುವುದನ್ನು ಗಂಟೆಯ ಕಾಲಂ ಹೇಳಿತು. ಗೆದ್ದ ದಿನ ಸರಾಸರಿ 2 ಗಂಟೆ 20 ನಿಮಿಷ ಕೂತಿದ್ದೆ, ಸೋತ ದಿನ 4 ಗಂಟೆ 50 ನಿಮಿಷ. ಒಂದೂವರೆ ಸಾವಿರ ಬಂದ ಕೂಡಲೇ "ಸಾಕು, ಇವತ್ತಿಗೆ ಗೆದ್ದೆ" ಅಂತ ಎದ್ದು ಬರುತ್ತಿದ್ದೆ. ಸೋಲುತ್ತಿದ್ದರೆ ಹೋದದ್ದನ್ನು ವಾಪಸ್ ತರಲು ಕೂತೇ ಇರುತ್ತಿದ್ದೆ. ಅಂದರೆ ಚೆನ್ನಾಗಿ ಆಡುವ ದಿನ ಕಡಿಮೆ ಹೊತ್ತು, ತಲೆ ಕೆಟ್ಟ ದಿನ ಜಾಸ್ತಿ ಹೊತ್ತು. ಇಂಥ ಅಂಗಡಿ ನಡೆಸಿದ್ದರೆ ಅಪ್ಪ ನನ್ನನ್ನು ಗಲ್ಲಾದ ಹತ್ತಿರವೇ ಸೇರಿಸುತ್ತಿರಲಿಲ್ಲ.

ಇನ್ನೊಂದು ಲೆಕ್ಕ ಮಾಡಲು ಒಂದಿಡೀ ಸಂಜೆ ಬೇಕಾಯಿತು. ಕ್ಲಬ್ಬಿನವರು ಪ್ರತಿ ಪಾಟಿನಿಂದ, ಅಂದರೆ ಎಲ್ಲರೂ ಹಾಕಿ ಸೇರಿದ ದುಡ್ಡಿನಿಂದ, ಶೇ. 5 ರೇಕ್ ಅಂತ ತಮ್ಮ ಪಾಲು ತೆಗೆಯುತ್ತಿದ್ದರು. ಡೀಲರ್ ಕೈ ಎಷ್ಟು ಚುರುಕು ಅಂದರೆ, ಮೇಜಿನ ಸಂದಿನಲ್ಲಿ ಚಿಪ್ಸ್ ಜಾರಿದ್ದೇ ಗೊತ್ತಾಗುವುದಿಲ್ಲ. ಆ ಸಂಜೆ ಒಂದು ಸಿಗರೇಟ್ ಪ್ಯಾಕಿನ ಹಿಂದೆ ಪೆನ್ಸಿಲಿನಲ್ಲಿ ಗೆರೆ ಹಾಕುತ್ತಾ ಕೂತೆ. (ಪ್ಯಾಕು ಪಕ್ಕದವನದು. ನಾನು ಸೇದುವುದಿಲ್ಲ.) ಗಂಟೆಗೆ ಸುಮಾರು 25 ಹ್ಯಾಂಡ್ (ಎಲೆ ಹಂಚಿ ಆಡುವ ಒಂದೊಂದು ಸುತ್ತು), ಹ್ಯಾಂಡಿಗೆ ಸುಮಾರು 30 ರೂಪಾಯಿ ರೇಕ್, ಅಂದರೆ ಗಂಟೆಗೆ 750. ಒಂಬತ್ತು ಜನಕ್ಕೆ ಹಂಚಿದರೆ ತಲೆಗೆ 83. ನಾನು ಕೂತ ಒಟ್ಟು 393 ಗಂಟೆಗೆ ಹಾಕಿದೆ: ಸುಮಾರು 32,700 ರೂಪಾಯಿ.

ನನ್ನ ನಷ್ಟ 33,350, ರೇಕ್ 32,700. ಎದುರು ಕೂತವರಿಗೆ ನಾನು ಸೋತೇ ಇರಲಿಲ್ಲ. ನಾವೆಲ್ಲ ಸರಿಸಮ ಆಡಿಕೊಂಡು, ದುಡ್ಡನ್ನು ನಿಧಾನವಾಗಿ ಮೇಜಿನ ಸಂದಿಗೆ ಹಾಕುತ್ತಿದ್ದೆವು. ಪೋಕರಿನಲ್ಲಿ ಕ್ಯಾಸಿನೊ ನಮ್ಮ ವಿರುದ್ಧ ಆಡುವುದಿಲ್ಲ ಅನ್ನುವುದು ನಿಜ. ಅದಕ್ಕೆ ಆಡುವ ಅಗತ್ಯವೇ ಇಲ್ಲ.

2020ರ ಮಾರ್ಚ್‌ನಲ್ಲಿ ಕ್ಲಬ್ಬು ಮುಚ್ಚಿತು. ಲಾಕ್‌ಡೌನಿನಲ್ಲಿ ಎಲ್ಲರಂತೆ ನಾನೂ ಫೋನಿಗೆ ಬಂದೆ, 5-10ರ ಮೇಜಿಗೆ. ನಾನು ಆಡುತ್ತಿದ್ದ ಆ್ಯಪ್ ಆಡಿದ ಹ್ಯಾಂಡ್‌ಗಳ ದಾಖಲೆ ಕೊಡುತ್ತಿತ್ತು, ಅದೇ ದೊಡ್ಡ ಅನುಕೂಲ. ಆ ಫೈಲಿನಲ್ಲಿ ಒಂದು ಕಡೆ ಖಾಲಿ ಜಾಗ ಇದೆ. 2021ರ ಅಕ್ಟೋಬರ್‌ನಲ್ಲಿ ನಮ್ಮ ರಾಜ್ಯ ಸರ್ಕಾರ ಪೊಲೀಸ್ ಕಾಯ್ದೆ ತಿದ್ದಿ ದುಡ್ಡು ಕಟ್ಟುವ ಆನ್‌ಲೈನ್ ಆಟ ನಿಲ್ಲಿಸಿತು. 2022ರ ಫೆಬ್ರವರಿ 14ರಂದು ಹೈಕೋರ್ಟ್ ಆ ತಿದ್ದುಪಡಿಯ ಮುಖ್ಯ ಭಾಗಗಳನ್ನು ರದ್ದು ಮಾಡಿತು. ಆ ನಾಲ್ಕು ತಿಂಗಳು ನನ್ನ ಸಾಲುಗಳೂ ಇಲ್ಲ.

ಮೊದಲ 20,000 ಹ್ಯಾಂಡ್ ಆದಾಗ ಲೆಕ್ಕ ತೆಗೆದೆ. ಪೋಕರ್ ಆಡುವವರು ನೋಡುವ ಎರಡು ಅಂಕಿ ಇವೆ. ವಿಪಿಐಪಿ ಅಂದರೆ ನೂರು ಹ್ಯಾಂಡಿನಲ್ಲಿ ಎಷ್ಟು ಸಲ ನಾವಾಗಿ ದುಡ್ಡು ಹಾಕಿ ಒಳಗೆ ಬಂದೆವು ಅನ್ನುವುದು. ಪಿಎಫ್‌ಆರ್ ಅಂದರೆ ಫ್ಲಾಪ್ (ಮೇಜಿನ ಮೇಲೆ ತೆರೆದಿಡುವ ಮೊದಲ ಮೂರು ಎಲೆ) ಬೀಳುವ ಮೊದಲೇ ಎಷ್ಟು ಸಲ ರೈಸ್ ಮಾಡಿದೆವು, ಅಂದರೆ ಪಣ ಏರಿಸಿದೆವು ಅನ್ನುವುದು. ನನ್ನದು 31 ಮತ್ತು 9. ಎರಡರ ನಡುವಿನ ಆ 22 ಇದೆಯಲ್ಲ, ಅದೇ ನನ್ನ ಜಾತಕ. ಸುಮ್ನೆ ಕಾಲ್ ಮಾಡುತ್ತಾ, ಅಂದರೆ ಎದುರಿನವನು ಹಾಕಿದಷ್ಟೇ ಹಾಕುತ್ತಾ "ನೋಡೋಣ ಏನು ಬೀಳುತ್ತೆ" ಅಂತ ಕೂರುವ ಗಿರಾಕಿ. ಗೊತ್ತಿದ್ದವರು ಇಂಥವನ ಮೇಜು ಹುಡುಕಿಕೊಂಡು ಬರುತ್ತಾರೆ.

ಒಂದು ಉದಾಹರಣೆ ಹೇಳುತ್ತೇನೆ. ಕೈಯಲ್ಲಿ ಎರಡು ಆಟೀನು, ಮೇಜಿನ ಮೇಲೆ ನಾಲ್ಕು ಎಲೆ, ಅದರಲ್ಲಿ ಎರಡು ಆಟೀನು. ಇನ್ನೊಂದು ಬಿದ್ದರೆ ಫ್ಲಶ್, ಅಂದರೆ ಒಂದೇ ಜಾತಿಯ ಐದು ಎಲೆ. ಪಾಟಿನಲ್ಲಿ 200 ಇದೆ, ಎದುರಿನವನು 100 ಹಾಕಿದ. ನಾನು 100 ಹಾಕಿದರೆ ಒಟ್ಟು 400. ಅಂದರೆ ನಾಲ್ಕಕ್ಕೆ ಒಂದು ಸಲವಾದರೂ ಗೆಲ್ಲಬೇಕು. ಆದರೆ ಕಾಣದ ಎಲೆಗಳು 46, ಅದರಲ್ಲಿ ಆಟೀನು 9. ಶೇ. 19.6 ಅಷ್ಟೇ. ಆಮೇಲೆ ಬರುವ ಬೆಟ್ ಬಿಟ್ಟರೆ ಪ್ರತಿ ಕಾಲ್‌ಗೂ ಸರಾಸರಿ 22 ರೂಪಾಯಿ ಕೈಯಾರೆ ಬಿಸಾಕಿದಂತೆ. ನಾನು ಕೇಳಿಕೊಂಡಿದ್ದ 35 ಪರ್ಸೆಂಟ್ ಫ್ಲಾಪಿನ ಮೇಲಿನ ಲೆಕ್ಕ, ಇನ್ನೂ ಎರಡು ಎಲೆ ಬರುವಾಗಿನದು. ಅದನ್ನೇ ಟರ್ನ್‌ನಲ್ಲೂ, ಅಂದರೆ ನಾಲ್ಕನೇ ಎಲೆ ಬಿದ್ದು ಒಂದೇ ಬಾಕಿ ಇರುವಾಗಲೂ, ನಂಬಿಕೊಂಡಿದ್ದೆ. ಹೀಗೆ 130 ಸಲ ಮಾಡಿದ್ದೆ. ಆ 20,000 ಹ್ಯಾಂಡಿನಲ್ಲಿ ಹೋದ 12,000 ರೂಪಾಯಿಯಲ್ಲಿ ಕಾಲು ಭಾಗ ಇದೇ.

ಬ್ಲೈಂಡ್‌ಗಳಲ್ಲಿ ಎಲ್ಲರೂ ಕಳೆದುಕೊಳ್ಳುತ್ತಾರೆ, ನೋಡದೆಯೇ ದುಡ್ಡು ಹಾಕಿರುತ್ತೇವಲ್ಲ. ನನ್ನ ಕಾಟ ಇದ್ದದ್ದು ಸ್ಮಾಲ್ ಬ್ಲೈಂಡಿನಲ್ಲಿ. "ಅರ್ಧ ಹೇಗೂ ಹಾಕಿದೀನಿ, ಇನ್ನೈದು ತಾನೆ" ಅಂತ ಕಂಡಕಂಡ ಎಲೆಗೆಲ್ಲ ಒಳಗೆ ಬರುತ್ತಿದ್ದೆ. ಅದನ್ನು ಬಿಟ್ಟೆ. ಮೂರೂವರೆ ಗಂಟೆಗೆ ಅಲಾರಂ ಇಟ್ಟೆ, ಗೆಲ್ಲಲಿ ಸೋಲಲಿ ಏಳುವುದು. ವಿಪಿಐಪಿ 23ಕ್ಕೆ ಇಳಿಯಿತು, ಪಿಎಫ್‌ಆರ್ 17ಕ್ಕೆ ಏರಿತು. ಮುಂದಿನ 40,000 ಹ್ಯಾಂಡಿನಲ್ಲಿ 30,000 ರೂಪಾಯಿ ಬಂತು. ಹಳೆಯ ನಷ್ಟ ಕಳೆದು 18,000 ಲಾಭ, ಅಂದರೆ ನೂರು ಹ್ಯಾಂಡಿಗೆ ಮೂರು ಬಿಗ್ ಬ್ಲೈಂಡ್.

ಕುಣಿದಾಡಿಬಿಟ್ಟೆ. ನಮ್ಮ ಆಫೀಸಿನಲ್ಲಿ ಸ್ಟ್ಯಾಟಿಸ್ಟಿಕ್ಸ್ ಓದಿದ ಒಬ್ಬ ಹುಡುಗಿ ಇದ್ದಾಳೆ, ಫೈಲು ಓದಲು ಪ್ರೋಗ್ರಾಂ ಬರೆದುಕೊಟ್ಟವಳು. ಅವಳಿಗೆ ತೋರಿಸಿದೆ. "ಏರಿಳಿತ ಎಷ್ಟಿದೆ ಸರ್?" ಅಂದಳು. ಸ್ಟ್ಯಾಂಡರ್ಡ್ ಡೀವಿಯೇಷನ್ ನೂರು ಹ್ಯಾಂಡಿಗೆ 90 ಬಿಗ್ ಬ್ಲೈಂಡ್ ಬಂದಿತ್ತು, ಈ ಆಟಕ್ಕೆ ಅದು ಮಾಮೂಲಿ. ಅವಳು ಚೀಟಿಯ ಮೇಲೆ ಲೆಕ್ಕ ಹಾಕಿದಳು. 60,000 ಅಂದರೆ ನೂರರ 600 ಗುಂಪು. 600ರ ವರ್ಗಮೂಲ ಸುಮಾರು 24.5. ತೊಂಬತ್ತನ್ನು ಅದರಿಂದ ಭಾಗಿಸಿದರೆ 3.7, ಎರಡರಷ್ಟು ಅಂದರೆ 7.4. "ನಿಮ್ಮ ನಿಜವಾದ ಆಟ ಮೈನಸ್ 4ರಿಂದ ಪ್ಲಸ್ 10ರವರೆಗೆ ಎಲ್ಲಿ ಬೇಕಾದರೂ ಇರಬಹುದು ಸರ್. ನೀವು ಸೋಲುವ ಆಟಗಾರನೇ ಆಗಿದ್ದು, ಅದೃಷ್ಟ ಚೆನ್ನಾಗಿತ್ತು ಅಂತಲೂ ಇರಬಹುದು."

"ಎಷ್ಟು ಆಡಿದರೆ ಗೊತ್ತಾಗುತ್ತೆ?" ಅಂದೆ. ಈ ಮೂರು ಸೊನ್ನೆಯಿಂದ ಸ್ಪಷ್ಟವಾಗಿ ದೂರ ನಿಲ್ಲಬೇಕಾದರೆ 3.6 ಲಕ್ಷ ಹ್ಯಾಂಡ್ ಬೇಕು ಅಂದಳು. ಕ್ಲಬ್ಬಿನ ಲೆಕ್ಕದಲ್ಲಿ ಗಂಟೆಗೆ 25ರಂತೆ 14,400 ಗಂಟೆ. ದಿನಾ ನಾಲ್ಕು ಗಂಟೆ ಕೂತರೆ ಹೆಚ್ಚೂಕಮ್ಮಿ ಹತ್ತು ವರ್ಷ. ಕ್ಲಬ್ಬಿನಲ್ಲಿ "ಈ ತಿಂಗಳು ನನ್ನ ಫಾರ್ಮ್ ಚೆನ್ನಾಗಿದೆ" ಅಂತ ನಾವು ಆಡುತ್ತಿದ್ದ ಮಾತೆಲ್ಲ ನೆನಪಾಗಿ ನಗು ಬಂತು.

ಅದೇ ಫೈಲು ಇನ್ನೊಂದು ಹಳೇ ದೂರನ್ನೂ ಬಗೆಹರಿಸಿತು. ಎಕ್ಕದ ಜೋಡಿ ನನಗೆ ಆಗಿಬರಲ್ಲ ಅಂತ ಎಷ್ಟೋ ವರ್ಷದಿಂದ ಹೇಳಿಕೊಂಡು ಬಂದಿದ್ದೆ. ಎಕ್ಕದ ಜೋಡಿ ಬರುವುದು 221ಕ್ಕೊಂದು ಸಲ. 60,000ಕ್ಕೆ ಸುಮಾರು 271 ಬರಬೇಕು, ಬಂದಿದ್ದು 258. ಸರಿಯಾಗೇ ಇದೆ. ಅದರಲ್ಲಿ 214 ಸಲ ಪಾಟು ನನ್ನದೇ. ಸೋತ 44 ಮಾತ್ರ ನನಗೆ ಬಾಯಿಪಾಠ. ಎದುರಿಗೆ ರಾಜರ ಜೋಡಿ ಇದ್ದರೂ ಎಕ್ಕದ ಜೋಡಿ ನೂರಕ್ಕೆ ಹದಿನೆಂಟು ಸಲ ಸೋಲುತ್ತದೆ. ಅದಕ್ಕೆ ಯಾರ ಕಣ್ಣೂ ಬಿದ್ದಿರಬೇಕಿಲ್ಲ.

ಈಗ ಗೋವಾದ ಕಥೆ. ರಾತ್ರಿ ಬಸ್ಸಿನಲ್ಲಿ ಪಣಜಿಗೆ ಮೂರು ಸಲ ಹೋಗಿದ್ದೆ, ಮಾಂಡವಿ ನದಿಯಲ್ಲಿ ನಿಂತ ಕ್ಯಾಸಿನೊ ಹಡಗಿನ ಟೂರ್ನಿಗಳಿಗೆ. ಒಂದರಲ್ಲಿ ಮೂರನೇ ಸ್ಥಾನ ಬಂತು, 1,12,000 ರೂಪಾಯಿ. ಇನ್ನೊಂದರಲ್ಲಿ 24,000. ಗೆಳೆಯರು ಪಾರ್ಟಿ ಕೇಳಿದರು, ಕೊಟ್ಟೆ. ಕಿರ್ದಿ ಬರೆಯುವಾಗ ನಶೆ ಇಳಿಯಿತು. ಸೋತು ಮತ್ತೆ ಕಟ್ಟಿದ್ದೂ ಸೇರಿ ಒಂಬತ್ತು ಎಂಟ್ರಿ, ತಲಾ 15,000, ಒಟ್ಟು 1,35,000. ಬಸ್ಸು, ರೂಮು, ಊಟ 27,000. ಬಹುಮಾನದಲ್ಲಿ ಶೇ. 30 ಟಿಡಿಎಸ್ ಕಳೆದು ಕೈಗೆ ಬಂದದ್ದು 95,200. ಎಂಟ್ರಿ ಫೀಸು, ಬಸ್ ಚಾರ್ಜು ತೋರಿಸಿ ಈ ತೆರಿಗೆ ತಗ್ಗಿಸಿಕೊಳ್ಳಲು ಬರುವುದಿಲ್ಲ, ಲೆಕ್ಕದವನಾಗಿ ಅದು ನನಗೆ ಮೊದಲೇ ಗೊತ್ತಿರಬೇಕಿತ್ತು. ಒಟ್ಟು 66,800 ನಷ್ಟ. ಆದರೆ ನನ್ನ "ಟೂರ್ನಿ ಗಳಿಕೆ" ಎಷ್ಟು ಅಂತ ಕೇಳಿದರೆ ಉತ್ತರ 1,36,000!

ಇದು ನನ್ನಂಥವರ ಕಥೆ ಮಾತ್ರ ಅಲ್ಲ. ಪೋಕರ್ ಜಗತ್ತಿನ ದೊಡ್ಡ ದೊಡ್ಡ ಗಳಿಕೆ ಪಟ್ಟಿಗಳೂ ಹೀಗೇ, ಬರೀ ಜಮಾ. ಖರ್ಚಿನ ಕಾಲಮ್ಮೇ ಇಲ್ಲ. 2019ರಲ್ಲಿ ಲಂಡನ್ನಿನ ಟ್ರೈಟನ್ ಮಿಲಿಯನ್ ಟೂರ್ನಿಗೆ ಎಂಟ್ರಿಯೇ 10,50,000 ಪೌಂಡ್. ಗೆದ್ದವನು ಆ್ಯರನ್ ಜಾಂಗ್, ಆದರೆ ಕೊನೆಯಲ್ಲಿ ಮಾಡಿಕೊಂಡ ಒಪ್ಪಂದದಿಂದ ಎರಡನೇ ಸ್ಥಾನದ ಬ್ರಿನ್ ಕೆನ್ನಿಗೇ ಜಾಸ್ತಿ ದುಡ್ಡು, ಸುಮಾರು 1.69 ಕೋಟಿ ಪೌಂಡ್. ಆ ಒಂದೇ ದಿನ ಅವನು ಪಟ್ಟಿಯ ತುದಿಗೆ ಏರಿದ. ನಮ್ಮ ಬೆಂಗಳೂರಿನ ಸಂತೋಷ್ ಸುವರ್ಣ 2024ರಲ್ಲಿ ಲಾಸ್ ವೇಗಸ್‌ನ ವರ್ಲ್ಡ್ ಸೀರೀಸ್ ಆಫ್ ಪೋಕರ್‌ನಲ್ಲಿ 54 ಲಕ್ಷ ಡಾಲರ್ ಗೆದ್ದಾಗ ನಾನೂ ಖುಷಿಯಿಂದ ಹತ್ತು ಜನಕ್ಕೆ ಸುದ್ದಿ ಕಳಿಸಿದೆ. ಆ ಟೂರ್ನಿಯ ಎಂಟ್ರಿ 2,50,000 ಡಾಲರ್ ಅನ್ನುವುದನ್ನು ಕಳಿಸಲಿಲ್ಲ, ಕೇಳಿದವರೂ ಇಲ್ಲ.

ಅಂದಹಾಗೆ ಇದೇ ವರ್ಲ್ಡ್ ಸೀರೀಸ್ 1970ರಲ್ಲಿ ಬಿನಿಯನ್ಸ್ ಹಾರ್ಸ್‌ಶೂ ಕ್ಯಾಸಿನೊದಲ್ಲಿ ಶುರುವಾದಾಗ ಅಂಕಿಸಂಖ್ಯೆಯ ತಂಟೆಯೇ ಇರಲಿಲ್ಲ. ಯಾರು ಚೆನ್ನಾಗಿ ಆಡಿದರು ಅಂತ ಆಟಗಾರರೇ ಓಟು ಹಾಕಿ ಜಾನಿ ಮಾಸ್‌ರನ್ನು ಆರಿಸಿದ್ದರು. ಮುಂದಿನ ವರ್ಷದಿಂದ ಕೊನೆಗೆ ಉಳಿದವನೇ ಚಾಂಪಿಯನ್. 2003ರಲ್ಲಿ ಅದರ ಮುಖ್ಯ ಟೂರ್ನಿಯನ್ನು ಅಕೌಂಟೆಂಟ್ ಕ್ರಿಸ್ ಮನಿಮೇಕರ್ 839 ಜನರಲ್ಲಿ ಗೆದ್ದ. ಅವನು ಅಲ್ಲಿಗೆ ಹೋದದ್ದು 86 ಡಾಲರಿನ ಆನ್‌ಲೈನ್ ಟೂರ್ನಿ ಗೆದ್ದು. ಅಕೌಂಟೆಂಟ್ ಅನ್ನುವ ಆ ಒಂದು ಪದಕ್ಕೇ ನಾನು ಎಷ್ಟು ವರ್ಷ ಮರುಳಾಗಿದ್ದೆನೋ! 2024ರಲ್ಲಿ ಅದೇ ಟೂರ್ನಿಗೆ ಕೂತವರು 10,112. ಸರಾಸರಿಗಿಂತ ಎರಡು ಪಟ್ಟು ಚೆನ್ನಾಗಿ ಆಡುವವನಿಗೂ ಗೆಲ್ಲುವ ಅವಕಾಶ ಐದು ಸಾವಿರಕ್ಕೆ ಒಂದು, ಅಲ್ವಾ?

2023ರ ಅಕ್ಟೋಬರ್‌ನಿಂದ ಆ್ಯಪ್‌ಗೆ ಹಾಕುವ ಪೂರ್ತಿ ದುಡ್ಡಿನ ಮೇಲೆ ಶೇ. 28 ಜಿಎಸ್‌ಟಿ ಬಂತು. ನೂರು ಹ್ಯಾಂಡಿಗೆ ಮೂರು ಬ್ಲೈಂಡ್ ಗೆಲ್ಲುವವನಿಗೆ ಅದು ಎಲ್ಲಿ ಗಿಟ್ಟುತ್ತದೆ? ಆಡುವುದು ಕಡಿಮೆ ಮಾಡಿದೆ. 2025ರ ಆಗಸ್ಟ್‌ನಲ್ಲಿ ಸಂಸತ್ತು ದುಡ್ಡಿನ ಆನ್‌ಲೈನ್ ಆಟವನ್ನೇ ನಿಷೇಧಿಸುವ ಕಾಯ್ದೆ ತಂದಿತು. ಆ್ಯಪ್‌ನಲ್ಲಿ ಉಳಿದಿದ್ದ 3,460 ರೂಪಾಯಿ ಬ್ಯಾಂಕಿಗೆ ವಾಪಸ್ ಬಂತು. ಜಮಾ ಕಡೆ ಬರೆದುಕೊಂಡೆ.

ಈಗ ಎರಡನೇ ಶನಿವಾರ ಮನೆಯಲ್ಲೇ ಆಟ. ಇಬ್ಬರು ಗೆಳೆಯರು, ನಾನು, ನನ್ನ ಹೆಂಡತಿ. ಚಿಪ್ಸ್ ಬದಲು ಹುಣಸೆ ಬೀಜ, ತಲೆಗೆ ನೂರು. ಪುಸ್ತಕ ಮಾತ್ರ ಬಿಟ್ಟಿಲ್ಲ. ಹೋದ ಸಲದವರೆಗೆ ಅವಳು 310 ಬೀಜ ಮುಂದೆ, ನಾನು 85 ಹಿಂದೆ.

"ಇದರಿಂದ ಈಗಲೇ ಏನೂ ಹೇಳಕ್ಕಾಗಲ್ಲ, 3.6 ಲಕ್ಷ ಹ್ಯಾಂಡ್ ಆಗಬೇಕು" ಅಂದೆ.

"ಆಯ್ತು, ಮೊದಲು ಬೀಜ ಎಣಿಸಿ ಕೊಡಿ ರೀ" ಅಂದಳು.